ಹಂಪವ್ವನವರ ಉಬ್ಬುಗಲ್ಲು

ಹಂಪವ್ವನವರನ್ನು ನಾನು ಮೊದಲು ಕಂಡದ್ದು ಹರಿಹರದ ಒಂದು ಕಥಾಸ್ಪರ್ಧೆಯಲ್ಲಿ. ನಾನು ತೀರ್ಪುಗಾರರಲ್ಲೊಬ್ಬ. ಗೆದ್ದ ಕಥೆ ಪುಸ್ತಕದಲ್ಲಿ ಅಚ್ಚಾಗುವುದಿತ್ತು. ದಾವಣಗೆರೆಯಲ್ಲಿ ಅಕ್ಕಿ ಹುರಿದು ಮಂಡಕ್ಕಿ ಮಾಡುವ ಭಟ್ಟಿಯಲ್ಲಿ ಮೂವತ್ತು ವರ್ಷ ದುಡಿದಿದ್ದ ಆಕೆ, ತಾವು ಬರೆದ ಮೊದಲ ಕಥೆಯನ್ನು ನಡುಗುವ ದನಿಯಲ್ಲಿ ಓದಿದರು. ಬೆಳ್ಳಾರವೆಂಬ ಗ್ರಹದಲ್ಲಿ ಕಡಲೆಕಾಳಿನಷ್ಟು ಸಣ್ಣ ಉಬ್ಬುಗಲ್ಲು ಸಿಗುತ್ತದೆ. ಬಿಸಿಲಿಗೆ ಕಾದ ಮರಳಿನಲ್ಲಿ ಹುರಿದರೆ ಅದು ಕುಂಬಳಕಾಯಿಯಷ್ಟಾಗುತ್ತದೆ, ಹತ್ತಿಯಂತೆ ಹಗುರಾಗುತ್ತದೆ. ಅಲ್ಲಿಯ ಜನ ಅದರಿಂದಲೇ ಮನೆ ಕಟ್ಟುತ್ತಾರೆ.

ಇನ್ನೊಬ್ಬ ತೀರ್ಪುಗಾರರಾದ ವಿಜ್ಞಾನದ ಮೇಷ್ಟ್ರು ಕಾಂತರಾಜ್ ಒಪ್ಪಲಿಲ್ಲ. “ಕಲ್ಲು ಕಾದರೆ ಸಿಡಿಯುತ್ತದಮ್ಮ, ಉಬ್ಬುವುದಿಲ್ಲ. ಈ ಕಥೆಯನ್ನು ಬಿಡೋಣ.”

ಹಂಪವ್ವನವರ ನಡುಕ ಅಲ್ಲಿಗೇ ನಿಂತಿತು. “ಹಂಗೇ ಹಾಕಿದ್ರೆ ಅಕ್ಕೀನೂ ಉಬ್ಬಲ್ರಿ ಸರ್, ಸೀದು ಹೋಗ್ತೈತಿ. ಮೊದ್ಲು ಉಪ್ಪುನೀರು ಕುಡಿಸಿ, ಆರಾಕೆ ಬಿಟ್ಟು, ಆಮ್ಯಾಲೆ ಕಾದ ಉಸುಕಿಗೆ ಹಾಕ್ಬೇಕು. ನನ್ನ ಕಥ್ಯಾಗೂ ಹಂಗೇ ಐತೆ. ನಾನು ಅದನ್ನ ಓದೋವಾಗ ನೀವು ಚಾ ಕುಡೀತಿದ್ರಿ!”

ಸಭೆಯೆಲ್ಲ ನಕ್ಕಿತು. ಕಾಂತರಾಜರು ಹಾಳೆ ತಿರುವಿ, ಆ ಸಾಲನ್ನು ಹುಡುಕಿ ಓದಿದರು. ತಾವೂ ನಕ್ಕು, ಮೊದಲ ಬಹುಮಾನಕ್ಕೆ ನನಗಿಂತ ಮುಂಚೆ ಕೈ ಎತ್ತಿದರು. ಹಂಪವ್ವನವರ ಜೊತೆಗೆ ಬಂದಿದ್ದ ಭಟ್ಟಿಯ ಹೆಂಗಸರ ಚಪ್ಪಾಳೆ ಬಹಳ ಹೊತ್ತು ಕೇಳಿಸುತ್ತಲೇ ಇತ್ತು.

ಈಗಲೂ ಹಂಪವ್ವ ಬೆಳಗಿನಲ್ಲಿ ಭಟ್ಟಿಗೆ ಹೋಗುತ್ತಾರೆ. ಶನಿವಾರ ಮಧ್ಯಾಹ್ನ ಬಸ್ಸು ಹತ್ತಿ ನಮ್ಮೂರು ಭಾನುವಳ್ಳಿಗೆ ಬಂದು, ಶಾಲೆಯ ಮಕ್ಕಳಿಗೆ ತಮ್ಮ ಐದನೆಯ ಕಥೆಯನ್ನು ಓದಿ ಹೇಳುತ್ತಿದ್ದಾರೆ.