ಒಂದು ಕಪ್ಪು ಜೋಳದ ಹಾಡು

ಸಿನಿಮಾದಲ್ಲಿ ನನಗೆ ಸಿಕ್ಕ ಮೊದಲ ಕೆಲಸ ಒಂದೇ ನಿಮಿಷದ್ದು. ಎಂಬತ್ತರ ದಶಕದ ಆರಂಭ. ಗಂಗಾವತಿಯಲ್ಲಿ ಮಕ್ಕಳಿಗೆ ಹಾರ್ಮೋನಿಯಂ ಕಲಿಸಿಕೊಂಡಿದ್ದೆ. ಕನಕಗಿರಿಗೆ ಶೂಟಿಂಗಿಗೆ ಬಂದಿದ್ದ ಡೈರೆಕ್ಟರು ಕರೆಸಿದರು.

"ಬೆಳಗ್ಗೆ ಹೆಂಗಸು ಬೀಸ್ತಾ ಕೂತಿರ್ತಾಳೆ. ಒಂದು ನಿಮಿಷದ ಹಾಡು, ಈ ಕಡೆಯ ದನಿಯಲ್ಲೇ ಬೇಕು. ಆಗದಿದ್ರೆ ಹೇಳಿ, ಮದ್ರಾಸಲ್ಲಿ ಮಾಡಿಸ್ತೀನಿ."

ಮದ್ರಾಸಿಗೆ ಬಿಟ್ಟುಕೊಡುವುದುಂಟೆ? ಒಂದು ಧಾಟಿ ಕಟ್ಟಿ, ಪದ ಹೊಂದಿಸಿ, ಅವರ ಟೇಪ್ ರೆಕಾರ್ಡರನ್ನು ಕೂಸಿನಂತೆ ತೊಡೆಯ ಮೇಲಿಟ್ಟುಕೊಂಡು ಯಲಬುರ್ಗಾಕ್ಕೆ ಬಂದೆ. ಅಲ್ಲಿ ನಮ್ಮಕ್ಕ ಇದ್ದಳು. ಊರಿಗೆ ಹಿಟ್ಟಿನ ಗಿರಣಿ ಬಂದ ಮೇಲೂ ಮನೆಯ ಬೀಸುಕಲ್ಲಿನಲ್ಲೇ ಬೀಸುವವಳು. ಚಹಾ ಕುದಿಯುವುದರೊಳಗೆ ಧಾಟಿ ಕಲಿತಳು.

"ಇನ್ನ ಹಾಡು ಯಕ್ಕಾ."

"ಸುಮ್ಮನ ಕುಂತು ಹಾಡಾಕ ನಾ ಏನು ರೇಡಿಯೋ ಏನೋ ತಮ್ಮಾ? ಕಲ್ಲು ತಿರುಗಿದ್ರ ಪದ ಬರ್ತೈತಿ."

"ಹಂಗಾರ ತಿರುಗಸು."

"ಖಾಲಿ ಕಲ್ಲು ತಿರುಗಿಸಿದ್ರ ಮನಿಗೆ ಛಲೋ ಅಲ್ಲ. ಜೋಳ ತಾ."

ಬೊಗಸೆ ಜೋಳ ಹಾಕಿದೆ. ನಿಮಿಷ ದಾಟಿತು, ಹಾಡು ನಿಲ್ಲಲಿಲ್ಲ. ಕೈಸನ್ನೆ ಮಾಡಿದರೆ, "ಕಲ್ಲಾಗ ಕಾಳಿರೋಮಟ ಹೆಂಗ ನಿಲ್ಲಸ್ಲಿ?" ಎಂದಳು. ಅದೂ ಟೇಪಿಗೆ ಹೋಯಿತು. ಮುಂದಿನ ಸಲ ಒಂದೇ ಮುಷ್ಟಿ ಹಾಕಿದೆ. ಎರಡನೇ ಸಾಲಿಗೇ ಕಾಳು ತೀರಿತು, ಹಾಡೂ ತೀರಿತು. ಅಷ್ಟರಲ್ಲಿ ಓಣಿಯ ಹೆಂಗಸರು ಮೊರ ಹಿಡಿದು ಬಾಗಿಲಿಗೆ ಬಂದರು: "ಹೆಂಗೂ ಬೀಸಾಕ ಹತ್ತೀರಿ, ನಮ್ಮದೂ ಒಂದೀಟು ಹಾಕ್ರಿ." ಹಾಕಿದೆವು. ಮಧ್ಯಾಹ್ನದ ಹೊತ್ತಿಗೆ ಅಳತೆ ಸಿಕ್ಕಿತು. ಚಹಾದ ಕಪ್ಪಿನ ತುಂಬ ಜೋಳ ಹಾಕಿದರೆ ಸರಿಯಾಗಿ ಒಂದು ನಿಮಿಷ.

ಸಂಜೆ ಕನಕಗಿರಿಯಲ್ಲಿ ಡೈರೆಕ್ಟರು ಕಣ್ಣು ಮುಚ್ಚಿ ಟೇಪು ಕೇಳಿದರು. "ಚೆನ್ನಾಗಿದೆ. ಆದ್ರೆ ಸೀನ್ ಬೆಳೆದಿದೆ ಕಣ್ರೀ. ಎರಡು ನಿಮಿಷ ಆಗ್ಬೇಕು. ನಾಳೆ ಒಳಗೆ, ಇಲ್ಲಾಂದ್ರೆ ಮದ್ರಾಸೇ."

"ಹಂಗಾದ್ರ ಎರಡು ಕಪ್ಪು ಜೋಳ ಬೇಕ್ರಿ," ಅಂದೆ.

"ಜೋಳ ಯಾಕ್ರೀ?" ಅಂದರು. ಬಿಡಿಸಿ ಹೇಳುವುದಕ್ಕಿಂತ ತೋರಿಸುವುದೇ ಮೇಲೆನಿಸಿ, ಮರುದಿನ ಅವರದೇ ಜೀಪಿನಲ್ಲಿ ಯಲಬುರ್ಗಾಕ್ಕೆ ಕರೆದೊಯ್ದೆ.

ಅಕ್ಕ ಭುಜ ಒತ್ತಿಕೊಳ್ಳುತ್ತ ಕುಳಿತಿದ್ದಳು. "ಓಣಿ ಜೋಳ ಎಲ್ಲಾ ಬೀಸಿ ರಟ್ಟಿ ಬಿದ್ದುಹೋಗ್ಯಾವ. ನಾ ಹಾಡ್ತೀನಿ. ಸಾಹೇಬ್ರ, ಕಲ್ಲಿನ ಗೂಟ ನೀವು ಹಿಡೀರಿ."

ಸಾಹೇಬರು ಪ್ಯಾಂಟು ಮಡಚಿ ಕುಳಿತರು. ನಾನು ಒಂದು ಕಪ್ಪು ಸುರಿದು, ಇನ್ನೊಂದನ್ನು ಕೈಯಲ್ಲಿ ಹಿಡಿದು ಕಾದೆ. ಹುಟ್ಟಿದಾಗಿನಿಂದ ಬೀಸದವರ ಕೈಯಲ್ಲಿ ಕಲ್ಲು ದಿಬ್ಬ ಹತ್ತುವ ಬಂಡಿಯಂತೆ ನರಳಿತು. ಅಕ್ಕ ಕಲ್ಲಿನ ಲಯ ಬಿಟ್ಟು ಹಾಡುವವಳಲ್ಲ. ನಾನು ಕುಣಿಯಲೆಂದು ಕಟ್ಟಿದ ಧಾಟಿ ಕಾಲೆಳೆದುಕೊಂಡು ನಡೆಯಿತು. ನಾನು ಹಾಕದ ಒಂದು ದುಃಖ ಅದರೊಳಗೆ ಎಲ್ಲಿಂದಲೋ ಬಂದು ಕೂತಿತು. ಮೊದಲ ಕಪ್ಪು ತೀರುವಷ್ಟರಲ್ಲಿ ಎರಡು ನಿಮಿಷ ಆಗಿಹೋಗಿತ್ತು.

"ಇದೇ ರೀ ಬೇಕಿದ್ದದ್ದು!" ಡೈರೆಕ್ಟರು ಬೆವರು ಒರೆಸಿಕೊಂಡರು. "ಮದ್ರಾಸು ಬೇಡ. ಇದೇ ಇರ್ಲಿ."

ಅಕ್ಕ ಹಿಟ್ಟನ್ನು ಬೆರಳಲ್ಲಿ ತಿಕ್ಕಿ ನೋಡಿದಳು. "ಹಾಡು ಛಲೋ ಬಂತು ಸಾಹೇಬ್ರ. ಹಿಟ್ಟು ಮಾತ್ರ ಬರೇ ನುಚ್ಚು, ರೊಟ್ಟಿ ಆಗಂಗಿಲ್ಲ. ಕುಂದರ್ರಿ, ಕುದಿಸಿ ಮಜ್ಜಿಗಿ ಹಾಕಿ ಕೊಡ್ತೀನಿ. ಬೀಸಿದವರೇ ಉಣ್ಣಬೇಕು."