ಅಣ್ಣನ ನಗಾರಿ, ನನ್ನ ಸಾಕ್ಷಿ

ಕಲ್ಯಾಣದ ನಮ್ಮ ಓಣಿಯ ಗುಡಿಯಲ್ಲಿ ದೀಪ ಹಚ್ಚುವ ಹೊತ್ತಿಗೆ ನಗಾರಿ ಬಾರಿಸುವ ಸೇವೆ ನಮ್ಮ ಮನೆತನದ್ದು. ನಿಜಾಮರ ಕಾಲದಲ್ಲಿ ಅದು ಅಪ್ಪನಿಂದ ಅಣ್ಣನಿಗೆ ಬಂತು. ಗುಡಿಯ ಹಿರಿಯ ಪಂಚರಿಗೆ ಒಂದು ನೇಮವಿತ್ತು: ನಗಾರಿಯ ಸದ್ದು ಕಿವಿಗೆ ಬಿದ್ದ ಮೇಲೆಯೇ ರಾತ್ರಿಯ ಊಟ.

ಒಂದು ದಿನ ಅಣ್ಣ ಮಗಳ ಸಂಬಂಧ ನೋಡಲು ರಾಜೇಶ್ವರಕ್ಕೆ ಹೋಗುವಾಗ, ಸಂಜೆ ನೀನೇ ಬಾರಿಸು ಎಂದು ನನ್ನ ಕೈಗೆ ಕೋಲು ಕೊಟ್ಟು ಹೋದ. ನಾನು ಕೋಲನ್ನು ಗೂಟಕ್ಕೆ ಸಿಕ್ಕಿಸಿ ಹುಮನಾಬಾದಿಗೆ ಕುಸ್ತಿ ನೋಡಲು ಹೋದೆ. ನೋಡಿದ್ದಷ್ಟೇ ಅಲ್ಲ, ಯಾರೋ ಹುರಿದುಂಬಿಸಿದ್ದಕ್ಕೆ ಅಖಾಡಕ್ಕಿಳಿದು ಮಣ್ಣೂ ಮುಕ್ಕಿದೆ. ಮರಳುವ ಹೊತ್ತಿಗೆ ಗುಡಿಯ ಬಾಗಿಲು ಮುಚ್ಚಿತ್ತು.

ನಗಾರಿಯಿಲ್ಲದೆ ದೇವರು ತಾಳಿಕೊಂಡ. ಪಂಚರ ಹೊಟ್ಟೆ ತಾಳಲಿಲ್ಲ. ಜೋಳದ ರೊಟ್ಟಿ, ಪುಂಡಿಪಲ್ಯ ಮುಂದಿಟ್ಟುಕೊಂಡು ಕಿವಿ ನಿಮಿರಿಸಿ ಕೂತೇ ಇದ್ದರಂತೆ. ಕೊನೆಗೆ ಉಪವಾಸ ಮಲಗಿದರು. ಬೆಳಗಾಗುತ್ತಲೇ ದೇವರಿಗೆ ಅಪಚಾರವಾಯಿತೆಂದು ಸರಕಾರಕ್ಕೆ ಅರ್ಜಿ ಬರೆಸಿದರು. ಎಂಟು ದಿನದಲ್ಲಿ ಅಣ್ಣ ಮುಅತ್ತಲ್ ಎಂದು ಉರ್ದುವಿನಲ್ಲಿ ಹುಕುಂ ಬಂತು, ಅಂದರೆ ಅಮಾನತು. ವಿಚಾರಣೆ ಮುಗಿಯುವವರೆಗೆ ಅವನು ನಗಾರಿ ಮುಟ್ಟುವಂತಿಲ್ಲ; ಆದರೆ ಮುಟ್ಟಿಲ್ಲವೆಂದು ದಿನಾ ಗುಡಿಗೆ ಬಂದು ಹೆಬ್ಬೆಟ್ಟು ಒತ್ತಬೇಕು. ಅಷ್ಟು ದಿನ ನಗಾರಿಯನ್ನು ಪೂಜಾರಿಯೇ ಹೇಗೋ ಬಡಿದ. ಅಣ್ಣ ಹೆಬ್ಬೆಟ್ಟನ್ನು ಒಂದು ದಿನವೂ ತಪ್ಪಿಸಲಿಲ್ಲ. ಬಾರಿಸುವ ಕೆಲಸಕ್ಕಿಂತ ಬಾರಿಸದಿರುವ ಕೆಲಸಕ್ಕೇ ಹಾಜರಿ ಹೆಚ್ಚಾಯಿತು.

ವಿಚಾರಣೆ ಹುಮನಾಬಾದಿನ ಕಚೇರಿಯಲ್ಲಿ. ಮೊದಲ ತಾರೀಖಿಗೆ ಸಾಹೇಬರಿರಲಿಲ್ಲ, ಎರಡನೆಯದಕ್ಕೆ ಕಾಗದವಿರಲಿಲ್ಲ. ಮೂರನೆಯದಕ್ಕೆ ಎರಡೂ ಇದ್ದವು. ಸಂಜೆಯ ಕೆಲಸ ತಮ್ಮನಿಗೆ ಒಪ್ಪಿಸಿ ಹೋಗಿದ್ದೆ ಎಂಬುದೇ ಅಣ್ಣನ ಜವಾಬು. ಅದಕ್ಕೆ ನಾನೊಬ್ಬನೇ ಸಾಕ್ಷಿ.

ಬಾಗಿಲ ಹೊರಗೆ ಪಂಚರು ನನ್ನ ಹೆಗಲ ಮೇಲೆ ಕೈಯಿಟ್ಟು ಮೆಲ್ಲಗೆ ಅಂದರು: "ಹೌದಂದ್ರ ತಪ್ಪು ಇಬ್ಬರದೂ ಆಗ್ತದ, ಸೇವಾ ನಿಮ್ಮ ಮನಿ ಬಿಟ್ಟು ಹೋಗ್ತದ. ಇಲ್ಲಂದ್ರ ರಿವಾಜಿನ ಪರಕಾರ ನಿನಗ ಬರ್ತದ. ಮನಿ ಉಳಸ್ತಿಯೋ ಏನು ಅಣ್ಣನ್ನ ಉಳಸ್ತಿಯೋ?"

ಮನೆ ಉಳಿಸುವುದು ದೊಡ್ಡ ಮಾತು. ನನ್ನಂಥವನಿಗೆ ಅಂಥ ಮಾತು ಸಿಕ್ಕಿದ್ದೇ ಸಾಕಾಯಿತು. ಅಣ್ಣ ಹೇಳಿ ಹೋಗಿದ್ದನೇ ಎಂದು ಸಾಹೇಬರು ಕೇಳಿದಾಗ, "ಇಲ್ರೀ ಸಾಹೇಬ್ರ" ಎಂದೆ. ಅಣ್ಣ ನನ್ನ ಕಡೆ ತಿರುಗಿಯೂ ನೋಡಲಿಲ್ಲ.

ಅಣ್ಣನನ್ನು ತೆಗೆದು ಸೇವೆಯನ್ನು ನನಗೆ ಕೊಟ್ಟರು; ಮರುವಾರದಿಂದ ನಾನೇ ಬಾರಿಸಿದೆ. ಪಂಚರು ಹೊತ್ತಿಗೆ ಸರಿಯಾಗಿ ಉಂಡು, ಧರ್ಮ ಉಳಿಯಿತೆಂದು ತೇಗಿದರು. ಅಣ್ಣ ಹೆಂಡತಿಯ ತವರಾದ ಬೇಮಳಖೇಡಕ್ಕೆ ಹೋಗಿ ಒಕ್ಕಲುತನಕ್ಕೆ ನಿಂತ. ಹೋಗುವ ಮುನ್ನ ಒಂದೇ ಮಾತು ಹೇಳಿದ: "ಎಡಗೈ ಸಡಿಲ ಬೀಳಾಕತ್ತೈತಿ, ನೋಡ್ಕೋ."

ಅವನು ಹೈದರಾಬಾದಿಗೆ ಮಾಡಿಕೊಂಡ ಅಪೀಲಿನ ತೀರ್ಪು ಮೂರು ವರ್ಷದ ಮೇಲೆ ಬಂತು. ನನ್ನ ಸುಳ್ಳಿನ ಮಾತೇ ಅದರಲ್ಲಿರಲಿಲ್ಲ. ಮುಅತ್ತಲ್ ಮಾಡುವ ಮೊದಲು ನೌಕರನನ್ನು ಒಂದು ಮಾತು ಕೇಳಬೇಕಿತ್ತು, ಕೇಳಿಲ್ಲ. ಆದ್ದರಿಂದ ಆ ಹುಕುಂ, ಅದರ ಮೇಲಿನ ವಿಚಾರಣೆ ಎರಡೂ ರದ್ದು. ಹದಿನೈದು ದಿನದೊಳಗೆ ಬಂದು ಸೇವೆ ಹಿಡಿಯಬೇಕು ಎಂದಷ್ಟೇ ಇತ್ತು.

ಕಾಗದ ಗುಡಿಗೆ ಬಂದದ್ದರಿಂದ ನಾನೇ ಅದನ್ನು ಬೇಮಳಖೇಡಕ್ಕೆ ಒಯ್ದೆ. ಅಣ್ಣ ಎತ್ತುಗಳಿಗೆ ಮೇವು ಹಾಕುತ್ತಿದ್ದ. ತೀರ್ಪು ಏನೆಂದು ಹೇಳಿದೆ. ಅವನು ಕೈ ಒರೆಸಿಕೊಂಡ.

"ಅವತ್ತು ನೀ ಎಲ್ಲಿದ್ದಿ ಅಂತ ನನಗ ಗೊತ್ತಿತ್ತೋ ತಮ್ಮಾ. ನಿನ್ನ ಅಂಗಿಗೆ ಅಖಾಡದ ಕೆಂಪು ಮಣ್ಣು ಹತ್ತಿತ್ತು. ಕಚೇರ್‍ಯಾಗ ನೀನಾಗೇ ಹೇಳ್ತಿ ಅಂತ ಸುಮ್ನಿದ್ದೆ."

ಅಲ್ಲಿಯಾದರೂ ಹೇಳಬಹುದಿತ್ತು. ಬಿಸಿಲು ಬಹಳವೆಂದು ಏನೋ ಗೊಣಗಿದೆ.

ಅವನು ಕಾಗದವನ್ನು ಮಡಚಿ ಮುಂಡಾಸದಲ್ಲಿ ಸಿಕ್ಕಿಸಿಕೊಂಡು, ಎರಡೂ ಕೈ ನನ್ನ ಮುಂದೆ ಚಾಚಿದ.

"ಕೋಲು ಎಲ್ಲಿ?"

ಕಾಗದ ಮರೆಯದೆ ಒಯ್ದಿದ್ದೆ. ಕೋಲನ್ನೂ ಮರೆತಿರಲಿಲ್ಲ. ಬೇಕೆಂದೇ ಮನೆಯ ಗೂಟದಲ್ಲಿ ಬಿಟ್ಟು ಹೋಗಿದ್ದೆ.