ನನ್ನ ರಕ್ತ, ನನ್ನ ಕೆನ್ನೆ

ಇಪ್ಪತ್ತೆರಡು ವರ್ಷ ಆಸ್ಪತ್ರೆಯ ಪ್ರಯೋಗಾಲಯದಲ್ಲಿ ಗಾಜಿನ ಪಟ್ಟಿಯ ಮೇಲೆ ರಕ್ತ ಸವರಿ, ಬಣ್ಣ ಹಾಕಿ, ಸೂಕ್ಷ್ಮದರ್ಶಕದಲ್ಲಿ ಕಣ್ಣಿಟ್ಟು ಕೂತವಳನ್ನು ಎಲ್ಲರೂ ಗಾಜಿನಕ್ಕ ಎಂದೇ ಕರೆಯುತ್ತಿದ್ದರು. ನೋಡುವವಳು ಅವಳು, ವರದಿಗೆ ಸಹಿ ಹಾಕುವವರು ಬೇರೆ.

ಒಮ್ಮೆ ಅವಳ ಅತ್ತೆಯ ವರದಿಯಲ್ಲಿ ಬಿಳಿ ರಕ್ತಕೋಶ ಹೆಚ್ಚಿದೆ ಎಂದು ಬಂತು. ಅತ್ತೆ ಎರಡು ದಿನ ಊಟ ಬಿಟ್ಟರು.

“ಮೈಯೊಳಗೆ ಬಿಳಿ ಹುಳ ಓಡಾಡ್ತಿವೆ ಅಂತ ಮೊದಲೇ ಹೇಳಬಾರದಿತ್ತೇನೇ?”

ಗಾಜಿನಕ್ಕ ನಗಲಿಲ್ಲ. ಅತ್ತೆಯನ್ನು ಪ್ರಯೋಗಾಲಯಕ್ಕೆ ಕರೆತಂದು ಸ್ಟೂಲಿನ ಮೇಲೆ ಕೂರಿಸಿ, ಅವರದೇ ರಕ್ತ ತೋರಿಸಿ, ಬಿಳಿ ಕೋಶಗಳು ಸೋಂಕಿನೊಡನೆ ಹೋರಾಡುವವು ಎಂದು ಬಿಡಿಸಿ ಹೇಳಿದಳು. ಅತ್ತೆ ಬಹಳ ಹೊತ್ತು ಸೂಕ್ಷ್ಮದರ್ಶಕದಿಂದ ಕಣ್ಣು ಕೀಳಲಿಲ್ಲ.

“ಇಷ್ಟು ಚೆಂದ ಇದಾವಲ್ಲೇ! ಇಷ್ಟು ವರ್ಷ ಯಾಕೆ ಯಾರೂ ತೋರಿಸ್ಲಿಲ್ಲ?”

ಆ ಪ್ರಶ್ನೆ ಅವಳನ್ನು ಬಿಡಲಿಲ್ಲ. ಮರುವಾರ ತನ್ನ ಬೆರಳು ಚುಚ್ಚಿಕೊಂಡಳು, ಕೆನ್ನೆಯ ಒಳಮೈಯನ್ನು ಕಡ್ಡಿಯಿಂದ ಕೆರೆದುಕೊಂಡಳು. ಸೂಕ್ಷ್ಮದರ್ಶಕಕ್ಕೆ ಮೊಬೈಲ್ ಹಿಡಿದು ಫೋಟೊ ತೆಗೆದು, ದೊಡ್ಡದಾಗಿ ಮುದ್ರಿಸಿ, ರೋಗಿಗಳು ಕಾಯುವ ಪಡಸಾಲೆಯಲ್ಲಿ ಅಂಟಿಸಿದಳು. ಗುಲಾಬಿ ಬಿಲ್ಲೆಗಳಂಥ ಕೆಂಪು ಕೋಶಗಳ ನಡುವೆ ನೇರಳೆ ಮಚ್ಚೆಯ ಒಂದು ಬಿಳಿ ಕೋಶ. ಕೆಳಗೆ: ‘ಇದು ಹುಳ ಅಲ್ಲ. ನಿಮ್ಮ ಕಡೆಯವನೇ.’

ಸಂಜೆಯೊಳಗೆ ಚಿತ್ರಗಳು ಮಾಯ. ಮತ್ತೆ ಅಂಟಿಸಿದಳು. ಮತ್ತೆ ಮಾಯ. ಮೂರನೇ ಸಲಕ್ಕೆ ಮುಖ್ಯ ವೈದ್ಯರಿಂದ ಕರೆ ಬಂತು.

“ಜನ ಹೆದರ್ತಾರಮ್ಮ. ಅವರಿಗೆ ಇದೆಲ್ಲ ಅರ್ಥ ಆಗಲ್ಲ.”

“ಅರ್ಥ ಆಗದೇ ಇರೋದಕ್ಕೇ ಹೆದರ್ತಿರೋದು ಸರ್.”

“ರೋಗಿಗಳ ರಕ್ತ ಗೋಡೆಗೆ ಹಾಕೋಕೆ ಯಾರು ಅಪ್ಪಣೆ ಕೊಟ್ರು?”

“ರೋಗಿಗಳದ್ದಲ್ಲ, ನನ್ನದು. ಪಕ್ಕದ್ದು ನನ್ನ ಕೆನ್ನೆ. ನನ್ನ ಕೆನ್ನೆ ತೋರಿಸೋಕೂ ನಿಮ್ಮ ಸಹಿ ಬೇಕಾ?”

ಬಾಗಿಲಲ್ಲಿದ್ದ ನರ್ಸ್ ನಗು ತಡೆಯಲಾರದೆ ಕೆಮ್ಮಿದಳು.

ಗಾಜಿನಕ್ಕನನ್ನು ಉಗ್ರಾಣದ ಕೆಲಸಕ್ಕೆ ಹಾಕಿದರು. ಪ್ರಯೋಗಾಲಯದ ಕೀಲಿಕೈ ವಾಪಸ್ ತೆಗೆದುಕೊಂಡರು. ಆಸ್ಪತ್ರೆಯ ಗೋಡೆಗೆ ಇನ್ನೊಂದು ಚಿತ್ರ ಬಿದ್ದರೆ ಕೆಲಸವೇ ಹೋಗುತ್ತದೆ ಎಂದರು.

ಆಸ್ಪತ್ರೆಯ ಗೋಡೆಗೆ ತಾನೇ? ಚಿತ್ರಗಳನ್ನು ಸುರುಳಿ ಸುತ್ತಿ ಕಂಕುಳಲ್ಲಿಟ್ಟುಕೊಂಡು ರಸ್ತೆ ದಾಟಿದಳು. ಎದುರಿಗೆ ಕ್ಷೌರದಂಗಡಿ.

“ಧಾರಾಳವಾಗಿ ಹಾಕಿ ಅಕ್ಕಾ. ನಮ್ಮ ಕಸುಬಿಂದೂ ಒಂದಿರಲಿ” ಎಂದು ಅಂಗಡಿಯವನು ತನ್ನ ತಲೆಯಿಂದಲೇ ಒಂದು ಕೂದಲನ್ನು ಬುಡಸಮೇತ ಕಿತ್ತುಕೊಟ್ಟ. ಮುಚ್ಚಿಹೋದ ಶಾಲೆಯೊಂದರ ಹಳೆಯ ಸೂಕ್ಷ್ಮದರ್ಶಕ ಸಂಪಾದಿಸಿ, ಆ ಕೂದಲಿನ ಚಿತ್ರವನ್ನೂ ಎರಡು ಕನ್ನಡಿಗಳ ನಡುವೆ ಅಂಟಿಸಿದಳು.

ಆಸ್ಪತ್ರೆಯಲ್ಲಿ ಸರದಿಗೆ ಕಾಯುವವರು ರಸ್ತೆ ದಾಟಿ ಬರತೊಡಗಿದರು. ಚಿತ್ರ ತೆಗೆಸು ಎಂದು ಆಸ್ಪತ್ರೆಯಿಂದ ಹೇಳಿಕಳಿಸಿದಾಗ ಅಂಗಡಿಯವನು ಕತ್ತರಿ ನಿಲ್ಲಿಸಲಿಲ್ಲ. “ಗೋಡೆ ನಂದು, ಕೂದಲು ನಂದು. ಅವರಿಗೇನಂತೆ?”

ಈಗ ಹೊಸ ವೈದ್ಯೆಯೊಬ್ಬಳು ರೋಗಿಗಳಿಗೆ, “ಎದುರಿಗೆ ಹೋಗಿ ಬಿಳಿ ಕೋಶದ ಚಿತ್ರ ನೋಡ್ಕೊಂಡು ಬನ್ನಿ, ಆಮೇಲೆ ಮಾತಾಡೋಣ” ಎನ್ನುತ್ತಾಳೆ. ಕ್ಷಮೆ ಕೇಳಿದರೆ ಪ್ರಯೋಗಾಲಯಕ್ಕೆ ವಾಪಸ್ ಬರಬಹುದೆಂದು ಎರಡು ಸಲ ಸುದ್ದಿ ಬಂತು. ಗಾಜಿನಕ್ಕ ಕೇಳಲಿಲ್ಲ, ಕೇಳುವುದೂ ಇಲ್ಲ. ಭಾನುವಾರ ಬೆಳಗ್ಗೆ ಅಂಗಡಿಯ ಬೆಂಚಿನ ಮೇಲೆ ಸೂಕ್ಷ್ಮದರ್ಶಕವಿಟ್ಟು ಕೂರುತ್ತಾಳೆ. ಮೊನ್ನೆ ಅರ್ಧ ಗಡ್ಡ ಬೋಳಿಸಿಕೊಂಡಿದ್ದ ಗಿರಾಕಿಯೊಬ್ಬ ಕುರ್ಚಿಯಿಂದ ಎದ್ದು ಬಂದು, “ನನ್ನದೂ ನೋಡಬೇಕು” ಎಂದು ಅಗಲವಾಗಿ ಬಾಯಿ ತೆರೆದ.

“ಮೊದಲು ನೊರೆ ಒರೆಸ್ಕೊಳ್ಳಿ” ಎಂದು ಅವಳು ಕಡ್ಡಿ ಕೈಗೆತ್ತಿಕೊಂಡಳು.